ಹೆಸರಲ್ಲಿ ಅನ್ನದ ಹಂಡೆ ಇದ್ದ ನಟ

ನಾವು ಪತ್ರಿಕೋದ್ಯಮ ಓದುತ್ತಿದ್ದಾಗ ಒಂದು ಸಂಜೆ ತರಗತಿಯ ಗೋಡೆಗೆ ಪ್ರೊಜೆಕ್ಟರ್ ಬಿಟ್ಟು ‘ಸೆವೆನ್ ಸಮುರಾಯ್’ ತೋರಿಸಿದ್ದರು. ಕಪ್ಪು ಬಿಳುಪು, ಜಪಾನಿ ಭಾಷೆ, ಮೂರೂವರೆ ಗಂಟೆಯ ಸಿನಿಮಾ. ಅರ್ಧ ಜನ ನಡುವೆಯೇ ಎದ್ದು ಹೋಗುತ್ತಾರೆ ಅಂದುಕೊಂಡಿದ್ದೆವು. ಯಾರೂ ಏಳಲಿಲ್ಲ. ಮುಗಿದ ಮೇಲೆ ಮೇಷ್ಟ್ರು, ಯಾರ ಪಾತ್ರ ಹಿಡಿಸಿತು ಅಂತ ಕೇಳಿದರು. ಪೇಟೆಯಿಂದ ಬಂದಿದ್ದ ಗೆಳೆಯರು ಕತ್ತಿ ಹಿಡಿದ ವೀರರ ಹೆಸರು ಹೇಳಿದರು. ಬೇಸಾಯದ ಮನೆಯಿಂದ ಬಂದಿದ್ದ ನಮ್ಮ ತಲೆಯಲ್ಲಿ ಕೂತಿದ್ದವನು ಬೇರೆ: ಮಗಳನ್ನು ಅಟ್ಟಿಸಿಕೊಂಡು ಹೋಗಿ, ಹಿಡಿದು, ಅವಳ ಉದ್ದ ಕೂದಲನ್ನು ಕತ್ತರಿಸಿ ಹಾಕುವ ಒಬ್ಬ ಅಪ್ಪ.

ಆ ಅಪ್ಪನ ಹೆಸರು ಮಂಜೋ. ಪಾತ್ರ ಮಾಡಿದವರು ಫುಜಿವಾರ ಕಮತರಿ. ಜಪಾನಿನಲ್ಲಿ ಮನೆತನದ ಹೆಸರು ಮೊದಲು, ಸ್ವಂತ ಹೆಸರು ಆಮೇಲೆ. ಕಮತರಿ ಅಂದ ಕೂಡಲೇ ನಮ್ಮ ಕಿವಿಗೆ ‘ಕಮತ’ ಕೇಳಿಸುತ್ತದೆ. ಅದು ಬರೀ ಕಾಕತಾಳೀಯ. ಆದರೆ ಜಪಾನಿ ಲಿಪಿಯಲ್ಲಿ ಆ ಹೆಸರು ಬರೆಯಲು ಎರಡು ಅಕ್ಷರ ಬೇಕು. ಮೊದಲನೆಯದಕ್ಕೆ ಅನ್ನದ ಹಂಡೆ ಅಂತ ಅರ್ಥ, ಎರಡನೆಯದಕ್ಕೆ ಕಾಲು ಅಂತ. ಜಪಾನಿ ಸಿನಿಮಾದಲ್ಲಿ ರೈತನ ಮುಖ ಅಂದರೆ ನಮಗೆ ಮೊದಲು ನೆನಪಾಗುವ ನಟನ ಹೆಸರಿನಲ್ಲೇ ಅನ್ನದ ಹಂಡೆ ಇತ್ತು. ಆ ಹೆಸರನ್ನು ಒಮ್ಮೆ ಸರ್ಕಾರ ಕಿತ್ತುಕೊಂಡಿತ್ತು.

ಇವರು ಹುಟ್ಟಿದ್ದು 1905ರ ಜನವರಿಯಲ್ಲಿ, ಟೋಕಿಯೋದಲ್ಲಿ. ಅಂದರೆ ತೆರೆಯ ಮೇಲೆ ಇಷ್ಟು ಸಲ ರೈತನಾದ ಮನುಷ್ಯ ಪಟ್ಟಣದ ಕೂಸು. ನಟನೆಗೆ ಬಂದದ್ದು ಅಸಾಕುಸಾದ ರಂಗಭೂಮಿಯಿಂದ. ಅಸಾಕುಸಾ ಟೋಕಿಯೋದ ಹಳೆಯ ಮೋಜಿನ ಬೀದಿ. ದೇವಸ್ಥಾನ, ಅಂಗಡಿ ಸಾಲು, ಸಿನಿಮಾ ಮಂದಿರ, ಹಾಡು ಕುಣಿತದ ಹಾಸ್ಯ ನಾಟಕ ಎಲ್ಲ ಒಂದೇ ಕಡೆ. ನಮ್ಮ ಜಾತ್ರೆಯ ಕಂಪನಿ ನಾಟಕವನ್ನು ವರ್ಷವಿಡೀ ಬಿಚ್ಚದೆ ನಿಲ್ಲಿಸಿದ ಹಾಗೆ. ಅಲ್ಲಿ ನಗಿಸುವುದನ್ನು ಕಲಿತರು. ಹಾಸ್ಯ ಮಾಡಲು ಬಂದವನಿಗೆ ಸಮಯ ಗೊತ್ತಿರುತ್ತದೆ. ಯಾವಾಗ ತಿರುಗಬೇಕು, ಯಾವಾಗ ಸುಮ್ಮನಿರಬೇಕು ಅನ್ನುವುದು ಮೈಗೆ ಹತ್ತಿರುತ್ತದೆ. ಮುಂದೆ ಅಳಿಸುವಾಗಲೂ ಅವರು ಇದೇ ವಿದ್ಯೆ ಬಳಸಿದರು.

ಜಪಾನಿನಲ್ಲಿ ಸಿನಿಮಾಕ್ಕೆ ಮಾತು ಬರುತ್ತಿದ್ದ ದಿನಗಳವು. ಪಿ.ಸಿ.ಎಲ್. ಅನ್ನುವ ಕಂಪನಿ ಮೊದಲು ಬೇರೆಯವರ ಸಿನಿಮಾಗಳಿಗೆ ಧ್ವನಿಮುದ್ರಣ ಮಾಡಿಕೊಡುತ್ತಿತ್ತು. 1933ರಲ್ಲಿ ತಾನೇ ಸಿನಿಮಾ ತೆಗೆಯಲು ಹೊರಟಿತು. ಮೊದಲ ಚಿತ್ರ ‘ಹೊರೊಯೋಯಿ ಜಿನ್ಸೇಯಿ’, ಅಂದರೆ ಅಮಲಿನ ಬದುಕು ಎಂಬಂಥ ಅರ್ಥ. ಹಾಡು, ಹಾಸ್ಯ, ಜತೆಗೆ ಬಿಯರ್ ಕಂಪನಿಯ ಜಾಹೀರಾತಿನ ನಂಟು. ಅದರ ಮುಖ್ಯ ನಟರಲ್ಲಿ ಫುಜಿವಾರ ಒಬ್ಬರು. 1935ರಲ್ಲಿ ಮಿಕಿಯೊ ನರುಸೆ ಅವರ ‘ವೈಫ್! ಬಿ ಲೈಕ್ ಎ ರೋಸ್’ ಚಿತ್ರದಲ್ಲಿ ಮಾವನ ಪಾತ್ರ ಮಾಡಿದರು. ಆ ಚಿತ್ರ ಎರಡು ವರ್ಷದ ನಂತರ ನ್ಯೂಯಾರ್ಕಿನ ಚಿತ್ರಮಂದಿರದವರೆಗೂ ಹೋಯಿತು. ಪಿ.ಸಿ.ಎಲ್. ಮುಂದೆ ಬೇರೆ ಸಂಸ್ಥೆಗಳ ಜತೆ ಸೇರಿ ‘ತೊಹೊ’ ಆಯಿತು. ಗೊಡ್ಜಿಲ್ಲಾ ಸಿನಿಮಾ ಮಾಡಿದ ಅದೇ ತೊಹೊ.

1936ರಲ್ಲಿ ನಟಿ ಸದಾಕೊ ಸವಾಮುರಾ ಅವರನ್ನು ಮದುವೆಯಾದರು. ಆಕೆಯೂ ಪೋಷಕ ಪಾತ್ರಗಳಲ್ಲಿ ದೊಡ್ಡ ಹೆಸರು. ಎಡಪಂಥೀಯ ನಾಟಕ ತಂಡದಲ್ಲಿದ್ದುದಕ್ಕೆ ಮದುವೆಗೆ ಮೊದಲೇ ಜೈಲು ಕಂಡಿದ್ದ ಗಟ್ಟಿಗಿತ್ತಿ. ಹತ್ತು ವರ್ಷದ ಮೇಲೆ ಇಬ್ಬರೂ ಬೇರೆಯಾದರು. ಆಕೆಯ ತಮ್ಮ ದೈಸುಕೆ ಕತೊ ಕೂಡ ನಟ. ಈ ಹೆಸರು ನೆನಪಿಟ್ಟುಕೊಳ್ಳಿ, ಮುಂದೆ ಬರುತ್ತದೆ.

ಈಗ ಹೆಸರಿನ ವಿಷಯಕ್ಕೆ ಬರೋಣ.

ಫುಜಿವಾರ ಕಮತರಿ ಅನ್ನುವುದು ರಂಗದ ಹೆಸರು. ಕಿವಿಗೆ ಅದು ಜಪಾನಿನ ಇತಿಹಾಸದ ಒಬ್ಬ ಮಹಾಪುರುಷನ ಹೆಸರಿನಂತೆಯೇ ಕೇಳಿಸುತ್ತದೆ. ಆತ ಏಳನೇ ಶತಮಾನದ ರಾಜಕಾರಣಿ. ಶತಮಾನಗಟ್ಟಲೆ ಅರಮನೆಯನ್ನೇ ಕೈಯಲ್ಲಿಟ್ಟುಕೊಂಡಿದ್ದ ಫುಜಿವಾರ ಮನೆತನದ ಮೂಲಪುರುಷ. ಕೋಡಂಗಿ ಪಾತ್ರ ಮಾಡುವವನು ಅಷ್ಟು ದೊಡ್ಡ ಹೆಸರಿಟ್ಟುಕೊಂಡು ರಂಗಕ್ಕೆ ಬಂದರೆ, ಹೆಸರು ಕೂಗಿದ ಕೂಡಲೇ ಜನ ನಗುತ್ತಾರೆ. ತಮಾಷೆ ಇದ್ದದ್ದೇ ಅಲ್ಲಿ.

1940ರ ಹೊತ್ತಿಗೆ ಜಪಾನಿನ ಸರ್ಕಾರಕ್ಕೆ ಇಂಥ ತಮಾಷೆ ಸಹಿಸುವ ಮನಸ್ಸಿರಲಿಲ್ಲ. ಚೀನಾದಲ್ಲಿ ಯುದ್ಧ ನಡೆಯುತ್ತಿತ್ತು. ಆ ವರ್ಷದ ಮಾರ್ಚ್ ತಿಂಗಳಲ್ಲಿ ಗೃಹ ಸಚಿವಾಲಯ 16 ಮಂದಿ ಕಲಾವಿದರಿಗೆ ಹೆಸರು ಬದಲಿಸಿಕೊಳ್ಳಿ ಎಂದು ಹೇಳಿತು. ಡಿಕ್ ಮಿನೆ ಎಂಬ ಜಾಝ್ ಗಾಯಕ, ಮಿಸ್ ಕೊಲಂಬಿಯಾ ಎಂಬ ಗಾಯಕಿ ಆ ಪಟ್ಟಿಯಲ್ಲಿದ್ದರು. ಇವರ ಹೆಸರುಗಳಲ್ಲಿ ಇಂಗ್ಲಿಷ್ ವಾಸನೆ ಇತ್ತು. ಫುಜಿವಾರ ಕಮತರಿಯದು ಅಪ್ಪಟ ಜಪಾನಿ ಹೆಸರೇ. ಆದರೆ ಹಾಸ್ಯನಟ ಇಟ್ಟುಕೊಂಡರೆ ಮಹಾಪುರುಷನಿಗೆ ಅಗೌರವ ಎಂದರು. ಒಬ್ಬರ ಹೆಸರಲ್ಲಿ ದೇಶಭಕ್ತಿ ಕಡಿಮೆಯಾಯಿತು, ಇನ್ನೊಬ್ಬರ ಹೆಸರಲ್ಲಿ ಅದು ಯೋಗ್ಯತೆಗಿಂತ ಹೆಚ್ಚಾಯಿತು!

ಅವರು ಹೆಸರು ಬದಲಿಸಿದರು. ಹೊಸ ಹೆಸರು ಫುಜಿವಾರ ಕೇಯಿತಾ. ಆ ‘ಕೇಯಿ’ ಬರೆಯಲು ಆರಿಸಿಕೊಂಡ ಅಕ್ಷರದ ಅರ್ಥ ಕೋಳಿ. ಜಪಾನಿಯಲ್ಲಿ ‘ಬದಲಿಸಿದೆ’ ಅನ್ನುವುದಕ್ಕೆ ‘ಕಾಯೆತಾ’ ಅನ್ನುತ್ತಾರೆ. ಹೊಸ ಹೆಸರು ಅದರ ಮೇಲಿನ ಶ್ಲೇಷೆ ಎನ್ನುವ ಮಾತಿದೆ. ಅಂದರೆ ಸರ್ಕಾರ ಹೇಳಿದಂತೆ ಕೇಳಿದರು, ಆದರೆ ‘ಬದಲಿಸಿದೆ, ಸರಿಯಾ?’ ಎಂಬುದನ್ನೇ ಹೆಸರಾಗಿ ಇಟ್ಟುಕೊಂಡರು. ದೊಡ್ಡವರ ಎದುರು ತಲೆ ತಗ್ಗಿಸಿ, ತಗ್ಗಿದ ತಲೆಯಲ್ಲೇ ನಗುವುದು. ಊರಲ್ಲಿ ಕಚೇರಿಗೆ ಅಲೆದವರಿಗೆ ಈ ನಗು ಹೊಸದಲ್ಲ.

ಕೋಳಿಯ ಹೆಸರಿನಲ್ಲೇ 1941ರಲ್ಲಿ ಅವರು ಎರಡು ಒಳ್ಳೆಯ ಚಿತ್ರ ಮಾಡಿದರು. ಎರಡೂ ಹಳ್ಳಿಗಾಡಿನ ಕಥೆ, ಎರಡರಲ್ಲೂ ನಾಯಕಿ ಹದಿಹರೆಯದ ಹಿದೆಕೊ ತಕಮಿನೆ.

ಮೊದಲನೆಯದು ಕಜಿರೊ ಯಮಾಮೊತೊ ನಿರ್ದೇಶನದ ‘ಉಮಾ’. ಹೆಸರು ನೋಡಿ ದೇವಿಯ ಕಥೆ ಅಂದುಕೊಳ್ಳಬೇಡಿ, ಜಪಾನಿಯಲ್ಲಿ ಉಮಾ ಅಂದರೆ ಕುದುರೆ. ಉತ್ತರ ಜಪಾನಿನ ಹಿಮದ ನಾಡಿನಲ್ಲಿ ಸಾಲದಲ್ಲಿರುವ ಒಂದು ರೈತ ಕುಟುಂಬ. ಅವರು ಗಬ್ಬದ ಕುದುರೆಯೊಂದನ್ನು ಸಾಕಲು ತರುತ್ತಾರೆ. ಚಳಿಗಾಲದಲ್ಲಿ ಕುದುರೆಗೆ ಕಾಯಿಲೆಯಾದಾಗ ಮಗಳು ಹಸಿ ಹುಲ್ಲಿಗಾಗಿ ಹಿಮದಲ್ಲಿ ನಡೆದು ದೂರದ ಬಿಸಿನೀರ ಬುಗ್ಗೆಯ ತನಕ ಹೋಗುತ್ತಾಳೆ. ಹುಟ್ಟಿದ ಮರಿಯನ್ನು ಕೊನೆಗೆ ಸೈನ್ಯ ಕೊಳ್ಳುತ್ತದೆ. ಕರು ಮಾರಿದ ದಿನ ಮನೆ ಹೇಗಿರುತ್ತದೆ ಅನ್ನುವುದು ಗೊತ್ತಿದ್ದವರಿಗೆ ಈ ಚಿತ್ರ ವಿವರಿಸಿ ಹೇಳಬೇಕಿಲ್ಲ. ಆ ಮನೆಯ ಅಪ್ಪ ನಮ್ಮ ಫುಜಿವಾರ. ಹೊರಾಂಗಣದ ಚಿತ್ರೀಕರಣದ ಬಹುಭಾಗ ನೋಡಿಕೊಂಡವರು ಒಬ್ಬ ತರುಣ ಸಹಾಯಕ ನಿರ್ದೇಶಕ. ಅವರ ಹೆಸರು ಅಕಿರಾ ಕುರೊಸಾವಾ.

ಎರಡನೆಯದು ನರುಸೆ ಅವರ ‘ಹಿದೆಕೊ ದ ಬಸ್ ಕಂಡಕ್ಟರ್’. ಒಂದು ಗಂಟೆಯೂ ಇಲ್ಲ. ನಮ್ಮ ಗುಂಪಿನಲ್ಲಿ ಎಲ್ಲರಿಗೂ ಇದೇ ಹೆಚ್ಚು ಇಷ್ಟ. ಗುಡ್ಡಗಾಡಿನ ರಸ್ತೆಯಲ್ಲಿ ಓಡುವ ಒಂದು ಡಕೋಟ ಬಸ್ಸು. ಫುಜಿವಾರ ಡ್ರೈವರು, ಹುಡುಗಿ ಕಂಡಕ್ಟರು. ಎದುರಾಳಿ ಕಂಪನಿ ಹೊಸ ಬಸ್ಸು ಬಿಟ್ಟಿದೆ, ಇವರದಕ್ಕೆ ಜನ ಹತ್ತುತ್ತಿಲ್ಲ. ದಾರಿಯಲ್ಲಿ ಸಿಗುವ ಗುಡಿ, ಹೊಳೆ, ಹಳೆ ಕಥೆಗಳನ್ನು ಪ್ರಯಾಣಿಕರಿಗೆ ಹೇಳಿದರೆ ಹೇಗೆ ಅಂತ ಹುಡುಗಿಗೆ ಹೊಳೆಯುತ್ತದೆ. ಊರಿಗೆ ಬಂದು ಉಳಿದಿದ್ದ ಒಬ್ಬ ಸಾಹಿತಿಯಿಂದ ಮಾತು ಬರೆಸಿಕೊಂಡು ಉರು ಹೊಡೆಯುತ್ತಾಳೆ. ಡ್ರೈವರ್ ಅವಳ ಬೆನ್ನಿಗೆ ನಿಲ್ಲುತ್ತಾನೆ. ಕೊನೆಯಲ್ಲಿ ಬಸ್ಸು ಹೊರಡುತ್ತದೆ. ಹುಡುಗಿ ಸಂಭ್ರಮದಿಂದ ವಿವರಿಸುತ್ತಾಳೆ. ಡ್ರೈವರ್ ಹಿಗ್ಗಿನಿಂದ ಓಡಿಸುತ್ತಾನೆ. ಅತ್ತ ಮಾಲೀಕ ಕಂಪನಿಯನ್ನೇ ಮಾರಿಬಿಟ್ಟಿದ್ದಾನೆ. ಅದು ನೋಡುವ ನಮಗೆ ಗೊತ್ತು, ಬಸ್ಸಿನಲ್ಲಿರುವ ಇಬ್ಬರಿಗೆ ಗೊತ್ತಿಲ್ಲ. ಚಿತ್ರ ಅಲ್ಲಿಗೆ ಮುಗಿಯುತ್ತದೆ. ಆ ಹೊತ್ತಿನ ಡ್ರೈವರನ ಮುಖ ನೋಡಿ ನಗುವುದೋ ಅಳುವುದೋ ತಿಳಿಯದೆ ಕೂತದ್ದು ನಮಗೆ ನೆನಪಿದೆ.

ಯುದ್ಧ ಮುಗಿಯಿತು. ಹೆಸರು ಕಿತ್ತುಕೊಂಡ ಗೃಹ ಸಚಿವಾಲಯವನ್ನೇ 1947ರ ಕೊನೆಗೆ ಮುಚ್ಚಿದರು. ಫುಜಿವಾರ ಹಳೆಯ ಹೆಸರಿಗೆ ಮರಳಿದರು. ಅನ್ನದ ಹಂಡೆ ವಾಪಸು ಬಂತು.

ಅಷ್ಟರಲ್ಲಿ ಕುರೊಸಾವಾ ದೊಡ್ಡ ನಿರ್ದೇಶಕರಾಗಿದ್ದರು. 1952ರ ‘ಇಕಿರು’ ಚಿತ್ರದಲ್ಲಿ ಫುಜಿವಾರ ಅವರಿಗೆ ಸರ್ಕಾರಿ ಕಚೇರಿಯ ಗುಮಾಸ್ತನೊಬ್ಬನ ಪಾತ್ರ. ಮೇಲಿನವನು ಸತ್ತರೆ ಆ ಕುರ್ಚಿ ತನಗೆ ಅಂತ ಲೆಕ್ಕ ಹಾಕುವವನು. ನಂತರ ಬಂದದ್ದು 1954ರ ‘ಸೆವೆನ್ ಸಮುರಾಯ್’.

ಕಥೆ ನಿಮಗೆ ಗೊತ್ತಿರಬಹುದು. ಹದಿನಾರನೇ ಶತಮಾನ. ಗುಡ್ಡದ ನಡುವಿನ ಒಂದು ಹಳ್ಳಿ. ಕಳೆದ ಸಲ ಭತ್ತ ದೋಚಿಕೊಂಡು ಹೋದ ಡಕಾಯಿತರು, ಜವೆಗೋಧಿ ಕೊಯ್ಲಿಗೆ ಬಂದಾಗ ಮತ್ತೆ ಬರೋಣ ಅಂತ ಮಾತಾಡಿಕೊಳ್ಳುವುದು ಒಬ್ಬ ರೈತನ ಕಿವಿಗೆ ಬೀಳುತ್ತದೆ. ಊರು ಸೇರಿ ಅಳುತ್ತದೆ. ರಿಕಿಚಿ ಎಂಬ ತರುಣ ಹೋರಾಡೋಣ ಅನ್ನುತ್ತಾನೆ. ಆಗುವ ಮಾತಲ್ಲ ಅನ್ನುವವನು ಮಂಜೋ. ಊರ ಹಿರಿಯಜ್ಜ ಹಸಿದ ಸಮುರಾಯ್‌ಗಳನ್ನು ಹುಡುಕಿ ಕರೆತನ್ನಿ ಎನ್ನುತ್ತಾನೆ. ನಾಲ್ವರು ರೈತರು ಪೇಟೆಗೆ ಹೋಗುತ್ತಾರೆ. ಕೊಡಲು ಅವರ ಬಳಿ ಇರುವುದು ಮೂರು ಹೊತ್ತಿನ ಅನ್ನ ಮಾತ್ರ. ಸಮುರಾಯ್‌ಗಳಿಗೆ ಅಕ್ಕಿ ಉಳಿಸಲು ತಾವು ಊದಲು ತಿನ್ನುತ್ತಾರೆ.

ಸಮುರಾಯ್‌ಗಳು ಸಿಗುತ್ತಾರೆ. ಇನ್ನೇನು, ಊರು ಉಳಿಯಿತು! ಆದರೆ ಮಂಜೋಗೆ ಅಲ್ಲಿಂದಲೇ ಹೊಸ ಭಯ ಶುರು. ಕತ್ತಿ ಹಿಡಿದ ಏಳು ಗಂಡಸರು ಊರಿಗೆ ಬರುತ್ತಿದ್ದಾರೆ. ಮನೆಯಲ್ಲಿ ಬೆಳೆದ ಮಗಳು ಶಿನೋ ಇದ್ದಾಳೆ. ಅವನು ಮುಂಚೆಯೇ ಊರಿಗೆ ಬಂದು, ಕೂದಲು ಕತ್ತರಿಸಿ ಗಂಡು ಹುಡುಗನ ವೇಷ ಹಾಕಿಕೋ ಅನ್ನುತ್ತಾನೆ. ಅವಳು ಒಪ್ಪುವುದಿಲ್ಲ. ಅವನು ಬಲವಂತ ಮಾಡುತ್ತಾನೆ. ಸುದ್ದಿ ಹರಡಿ ಹೆಣ್ಣು ಮಕ್ಕಳಿರುವ ಪ್ರತಿ ಮನೆಗೂ ಅದೇ ಭಯ ಹತ್ತುತ್ತದೆ. ಕೊನೆಗೆ ಊರು ಕಾಯಲು ಸಮುರಾಯ್‌ಗಳು ಬಂದು ನಿಂತರೆ, ಸ್ವಾಗತಿಸಲು ಒಂದು ನರಪಿಳ್ಳೆಯೂ ಇಲ್ಲ. ಬಾಗಿಲು ಮುಚ್ಚಿ ಒಳಗೆ ಕೂತಿದ್ದಾರೆ.

ಕೂದಲು ಕತ್ತರಿಸುವ ಆ ಭಾಗವನ್ನು ಬರೀ ಕ್ರೂರವಾಗಿ ಮಾಡಬಹುದಿತ್ತು, ಅಥವಾ ಬರೀ ಹಾಸ್ಯವಾಗಿ. ಫುಜಿವಾರ ಎರಡನ್ನೂ ಮಾಡಲಿಲ್ಲ. ಅವರ ಮುಖ ಸ್ವಲ್ಪ ಉದ್ದ, ಕೆನ್ನೆ ಒಳಗೆ ಹೋದದ್ದು, ಹುಬ್ಬು ಯಾವಾಗಲೂ ಯಾವುದೋ ಲೆಕ್ಕ ತಪ್ಪಿದ ಹಾಗೆ. ಮಗಳ ಮೇಲೆ ಕೈ ಮಾಡುವಾಗ ಆ ಮುಖದಲ್ಲಿ ಸಿಟ್ಟಿಗಿಂತ ದಿಗಿಲು ಹೆಚ್ಚು. ತಾನು ಮಾಡುತ್ತಿರುವುದು ತಪ್ಪು ಅಂತ ಗೊತ್ತಿದ್ದೂ ನಿಲ್ಲಿಸಲಾಗದವನ ದಿಗಿಲು. ನಮ್ಮ ಪ್ರಕಾರ ಮಂಜೋ ಒಳ್ಳೆಯವನಲ್ಲ. ಮಗಳನ್ನು ಒಂದು ಮಾತು ಕೇಳದೆ ಅವಳ ಬದುಕು ತಾನೇ ತೀರ್ಮಾನಿಸುವವನು. ಕೊನೆಯ ಕದನದ ಹಿಂದಿನ ರಾತ್ರಿ, ಶಿನೋ ಕಿರಿಯ ಸಮುರಾಯ್ ಜತೆ ಇದ್ದದ್ದು ಗೊತ್ತಾದಾಗ ಊರ ಮುಂದೆಯೇ ಹೊಡೆಯುತ್ತಾನೆ. ಆಗ ಅವನ ಬಾಯಿ ಮುಚ್ಚಿಸುವವನು ರಿಕಿಚಿ. ಅವನ ಹೆಂಡತಿಯನ್ನು ಡಕಾಯಿತರು ಎಳೆದುಕೊಂಡು ಹೋಗಿದ್ದರು. ಇವರಿಬ್ಬರೂ ಒಬ್ಬರನ್ನೊಬ್ಬರು ಇಷ್ಟಪಟ್ಟಿದ್ದಾರೆ, ಅದಕ್ಕೂ ಇದಕ್ಕೂ ಹೋಲಿಕೆಯೇ ಇಲ್ಲ ಎಂಬರ್ಥದಲ್ಲಿ ಅವನು ಹೇಳುತ್ತಾನೆ. ಮಂಜೋ ಬಳಿ ಉತ್ತರವಿಲ್ಲ. ಮಳೆ ಶುರುವಾಗುತ್ತದೆ.

ಕುರೊಸಾವಾ ಈ ಚಿತ್ರಕ್ಕೆ ಹಳ್ಳಿಯ ಪ್ರತಿ ಮನೆಯ ಪಟ್ಟಿ ಬರೆದಿದ್ದರು. ಯಾರು, ಎಷ್ಟು ವಯಸ್ಸು, ಯಾರಿಗೆ ಏನಾಗಬೇಕು ಅಂತ. ಹಿಂದೆ ನಿಲ್ಲುವ ನಟರಿಗೂ ಒಂದು ಮನೆ, ಒಂದು ಕುಟುಂಬ ಇತ್ತು. ಹೆಚ್ಚು ಕಡಿಮೆ ಒಂದು ವರ್ಷ ಈ ಚಿತ್ರದ ಕೆಲಸ ಎಳೆಯಿತು. ಅಂದ ಹಾಗೆ, ಏಳು ಸಮುರಾಯ್‌ಗಳಲ್ಲಿ ಶಿಚಿರೋಜಿ ಎಂಬ ದುಂಡು ಮುಖದವನಿದ್ದಾನಲ್ಲ, ಅವನೇ ದೈಸುಕೆ ಕತೊ. ಫುಜಿವಾರ ಅವರ ಹಿಂದಿನ ಹೆಂಡತಿಯ ತಮ್ಮ. ಸಂಬಂಧ ಮುರಿದು ಎಂಟು ವರ್ಷವಾದ ಮೇಲೆ ಒಬ್ಬರು ಊರು ಕಾಯುವವರಾಗಿ, ಇನ್ನೊಬ್ಬರು ಆ ಕಾಯುವವರಿಗೇ ಹೆದರುವವರಾಗಿ ಒಂದೇ ಚಿತ್ರದಲ್ಲಿ ಕಾಣಿಸಿಕೊಂಡರು.

ನಮ್ಮ ಕಡೆಗೂ ಈ ಕಥೆಯ ಒಂದು ಕವಲು ಬಂದಿದೆ. ರಾಮನಗರದ ಬಂಡೆಗಳ ನಡುವೆ ಚಿತ್ರೀಕರಿಸಿದ, 1975ರಲ್ಲಿ ತೆರೆಕಂಡ ‘ಶೋಲೆ’ಯ ಬೇರು ಹುಡುಕಿದರೆ ಅದು ‘ಸೆವೆನ್ ಸಮುರಾಯ್’ಗೆ ಮುಟ್ಟುತ್ತದೆ. ಡಕಾಯಿತರ ಕಾಟದ ಹಳ್ಳಿ, ಹೊರಗಿನಿಂದ ಬರುವ ಬಾಡಿಗೆ ವೀರರು. ಶೋಲೆ ನಮಗೂ ಬಾಯಿಪಾಠ. ಆದರೆ ಅದರಲ್ಲಿ ಮಂಜೋ ಇಲ್ಲ. ಜಯ್, ವೀರು ಊರಿಗೆ ಬಂದಾಗ ಯಾವ ಅಪ್ಪನೂ ಮಗಳನ್ನು ಬಚ್ಚಿಡುವುದಿಲ್ಲ. ನಮ್ಮನ್ನು ಕಾಪಾಡಲು ಬಂದವನಿಂದ ನಮ್ಮನ್ನು ಕಾಪಾಡುವವರು ಯಾರು ಅನ್ನುವ ಪ್ರಶ್ನೆಯನ್ನು ಕೇಳಲು ಒಬ್ಬ ಹೆದರುಪುಕ್ಕಲ ರೈತ ಬೇಕಿತ್ತು.

ಮುಂದಿನ ಹತ್ತು ವರ್ಷ ಫುಜಿವಾರ ಅವರ ಸುಗ್ಗಿಯ ಕಾಲ. 1957ರಲ್ಲಿ ಗಾರ್ಕಿಯ ನಾಟಕದಿಂದ ಮಾಡಿದ ‘ದ ಲೋವರ್ ಡೆಪ್ತ್ಸ್’. ಕುಡಿದು ಹಾಳಾಗಿ, ತನ್ನ ಸಂಭಾಷಣೆಗಳನ್ನೇ ಮರೆತ ಹಳೆಯ ನಟನ ಪಾತ್ರ. ಆ ಚಿತ್ರಕ್ಕೆ ವಾರಗಟ್ಟಲೆ ತಾಲೀಮು ನಡೆದಿತ್ತು. ಕೊನೆಯಲ್ಲಿ ಉಳಿದವರು ಕುಡಿದು ಹಾಡಿ ಕುಣಿಯುತ್ತಿರುವಾಗ ಆ ನಟ ಹೊರಗೆ ನೇಣು ಹಾಕಿಕೊಂಡ ಸುದ್ದಿ ಬರುತ್ತದೆ. ಹಾಡು ಕೆಟ್ಟಿತಲ್ಲ ಅಂತ ಒಬ್ಬ ಗೊಣಗುತ್ತಾನೆ.

1958ರ ‘ದ ಹಿಡನ್ ಫೋರ್ಟ್ರೆಸ್’ನಲ್ಲಿ ತಮಾಷೆಯ ಸರದಿ. ಯುದ್ಧದಲ್ಲಿ ದುಡ್ಡು ಮಾಡೋಣ ಅಂತ ಹೋದ ಇಬ್ಬರು ರೈತರು ಹೆಣ ಹೂಳುವ ಕೆಲಸಕ್ಕೆ ಸಿಕ್ಕಿಕೊಂಡು, ತಪ್ಪಿಸಿಕೊಂಡು, ದಾರಿಯುದ್ದಕ್ಕೂ ಜಗಳವಾಡುತ್ತಾ ಬರುತ್ತಾರೆ. ಒಬ್ಬ ಮಿನೊರು ಚಿಯಾಕಿ, ಇನ್ನೊಬ್ಬ ಫುಜಿವಾರ. ಸೇನಾಪತಿ, ರಾಜಕುಮಾರಿ ಎಲ್ಲ ಇದ್ದರೂ ಕಥೆ ಶುರುವಾಗುವುದು ಈ ಇಬ್ಬರಿಂದ, ಮುಗಿಯುವುದೂ ಇವರಿಂದ. ಅತಿ ಕೆಳಗಿನ ಇಬ್ಬರ ಕಣ್ಣಿನಿಂದ ದೊಡ್ಡವರ ಕಥೆ ಹೇಳುವ ಈ ಉಪಾಯ ಅಮೆರಿಕದ ಜಾರ್ಜ್ ಲೂಕಾಸ್‌ಗೆ ಹಿಡಿಸಿತು. 1977ರ ‘ಸ್ಟಾರ್ ವಾರ್ಸ್’ನ ಎರಡು ರೋಬೋಟ್‌ಗಳು, ಒಂದು ಉದ್ದ ಒಂದು ಗಿಡ್ಡ, ಸದಾ ಕಿತ್ತಾಡುವವು, ಈ ರೈತರಿಂದ ಹುಟ್ಟಿದವು ಎಂದು ಅವರೇ ಹೇಳಿಕೊಂಡಿದ್ದಾರೆ. ನಿಮ್ಮ ಮನೆಯ ಮಕ್ಕಳ ಬ್ಯಾಗಿನ ಮೇಲೆ ಆ ರೋಬೋಟ್‌ಗಳ ಚಿತ್ರ ಕಂಡರೆ ಒಮ್ಮೆ ಫುಜಿವಾರ ಅವರನ್ನು ನೆನೆಯಿರಿ.

‘ದ ಬ್ಯಾಡ್ ಸ್ಲೀಪ್ ವೆಲ್’ನಲ್ಲಿ (1960) ಲಂಚದ ಹಗರಣದಲ್ಲಿ ಸಿಕ್ಕಿಕೊಂಡ ಅಧಿಕಾರಿ. ಸತ್ತನೆಂದು ಎಲ್ಲರೂ ನಂಬಿರುವಾಗ ಕಾರಿನಲ್ಲಿ ಕೂತು ತನ್ನದೇ ಸಾವಿನ ಕಾರ್ಯ ನೋಡುತ್ತಾನೆ. ‘ಯೋಜಿಂಬೊ’ದಲ್ಲಿ (1961) ರೇಷ್ಮೆ ವ್ಯಾಪಾರಿ, ಕೊನೆಗೆ ಹುಚ್ಚು ಹಿಡಿದು ತಮಟೆ ಬಾರಿಸುತ್ತಾ ಬೀದಿಗೆ ಬರುವವನು. ‘ಹೈ ಅಂಡ್ ಲೋ’ನಲ್ಲಿ (1963) ಆಸ್ಪತ್ರೆಯ ಕಸ ಸುಡುವ ಕೆಲಸಗಾರ. ಇದ್ದದ್ದು ಕೆಲವೇ ನಿಮಿಷ. ಆದರೆ ಪೊಲೀಸರಿಗೆ ಅಪಹರಣಕಾರನ ಜಾಡು ಸಿಗುವುದು ಆ ಕಸದವನ ಬಾಯಿಂದ.

ನಮಗೆ ಬಹಳ ಕಾಡಿದ್ದು 1965ರ ‘ರೆಡ್ ಬಿಯರ್ಡ್’. ಬಡವರ ಧರ್ಮಾಸ್ಪತ್ರೆ. ರೊಕುಸುಕೆ ಎಂಬ ಮುದುಕ ಸಾಯುತ್ತಿದ್ದಾನೆ. ಒಂದು ಕಾಲಕ್ಕೆ ಅರಗಿನ ಮೇಲೆ ಚಿನ್ನದ ಚಿತ್ತಾರ ಬಿಡಿಸುತ್ತಿದ್ದ ಕುಶಲಕರ್ಮಿ. ಹೊಸದಾಗಿ ಬಂದ ತರುಣ ವೈದ್ಯನಿಗೆ ಅವನ ಪಕ್ಕ ಕೂತು ನೋಡು ಅಂತ ಹಿರಿಯ ವೈದ್ಯರು ಹೇಳಿ ಹೋಗುತ್ತಾರೆ. ಫುಜಿವಾರ ಅವರಿಗೆ ಇಲ್ಲಿ ಮಾತಿಲ್ಲ. ಬಾಯಿ ತೆರೆದಿದೆ, ಉಸಿರು ಎಳೆಯುತ್ತಿದೆ, ಅಷ್ಟೇ. ಓದಿ ಬಂದ ವೈದ್ಯ ಆ ಮುಖ ನೋಡಲಾರದೆ ಹೋಗುತ್ತಾನೆ. ಮನೆಯಲ್ಲಿ ಅಜ್ಜನ ಕೊನೆ ಗಳಿಗೆಯಲ್ಲಿ ಪಕ್ಕ ಕೂತವರು ನಮ್ಮಲ್ಲಿ ಇಬ್ಬರಿದ್ದಾರೆ. ಆ ಉಸಿರು ಹಾಗೆಯೇ ಇರುತ್ತದೆ ಅಂದರು.

ಅದೇ ವರ್ಷ ಇನ್ನೊಂದು ಮಾತಿಲ್ಲದ ಪಾತ್ರಕ್ಕೆ ಅಮೆರಿಕದಿಂದ ಕರೆ ಬಂದಿತ್ತು. ಆರ್ಥರ್ ಪೆನ್ ನಿರ್ದೇಶನದ ‘ಮಿಕ್ಕಿ ಒನ್’. ಶಿಕಾಗೋ ನಗರದಲ್ಲಿ ಗುಜರಿ ಸಾಮಾನು ಜೋಡಿಸಿ, ತನ್ನನ್ನು ತಾನೇ ಸುಟ್ಟುಕೊಳ್ಳುವ ಯಂತ್ರ ಕಟ್ಟುವ ಒಬ್ಬ ಕಲಾವಿದ. ಸನ್ನೆ ಮತ್ತು ನಗುವಿನಲ್ಲೇ ಪಾತ್ರ ಮುಗಿಸಿದರು. ಅಸಾಕುಸಾದ ವಿದ್ಯೆ ಅಲ್ಲಿಯೂ ಕೆಲಸಕ್ಕೆ ಬಂತು.

ಆಮೇಲೆ ಜಪಾನಿನ ಮನೆ ಮನೆಗೆ ಟಿ.ವಿ. ಬಂತು, ಚಿತ್ರಮಂದಿರಕ್ಕೆ ಬರುವ ಜನ ಕಡಿಮೆಯಾದರು. ಕುರೊಸಾವಾ ಅವರಿಗೇ ದುಡ್ಡು ಹುಟ್ಟುವುದು ಕಷ್ಟವಾಯಿತು. 1980ರ ‘ಕಗೆಮುಶಾ’ಗೆ ಹಣ ಸಾಲದೇ ಹೋದಾಗ ಅಮೆರಿಕದ ಕಂಪನಿಯನ್ನು ಒಪ್ಪಿಸಿ ಕೊಟ್ಟವರು ಅದೇ ಜಾರ್ಜ್ ಲೂಕಾಸ್ ಮತ್ತು ಫ್ರಾನ್ಸಿಸ್ ಕೊಪೊಲಾ. ಆ ಚಿತ್ರದಲ್ಲಿ 75 ವರ್ಷದ ಫುಜಿವಾರ ಒಬ್ಬ ವೈದ್ಯನಾಗಿ ಬರುತ್ತಾರೆ. ಅವರು ತೀರಿಕೊಂಡದ್ದು 1985ರ ಡಿಸೆಂಬರ್ 21ರಂದು.

ನೋಡಬೇಕು ಅನಿಸಿದವರು ಬಸ್ಸಿನ ಕಥೆಯಿಂದ ಶುರು ಮಾಡಿ, ಚಿಕ್ಕದು, ಮನೆಮಂದಿಯೆಲ್ಲ ಕೂತು ನೋಡುವಂಥದ್ದು. ‘ಸೆವೆನ್ ಸಮುರಾಯ್’ 207 ನಿಮಿಷ ಇದೆ, ಒಂದೇ ದಿನದ ಡೇಟಾದಲ್ಲಿ ಮುಗಿಸಲು ಹೋಗಬೇಡಿ. ನಡುವೆ ವಿರಾಮ ಬರುತ್ತದೆ, ಅಲ್ಲಿಗೆ ನಿಲ್ಲಿಸಿ ಮರುದಿನ ನೋಡಬಹುದು. ಊರಿನವರು ನೆಲಕ್ಕೆ ಕುಕ್ಕರಿಸಿ ಕೂತು ಅಳುವ ಮೊದಲ ಗುಂಪಿನಲ್ಲೇ ಮಂಜೋ ಇದ್ದಾನೆ. ಹೋರಾಟ ಆಗುವ ಮಾತಲ್ಲ ಅಂತ ತಲೆ ಆಡಿಸುವವನು, ಅವನೇ.